ಹದಿನೈದು ದಿನದ ‘ಕರೆಂಟು’: ಮಂಗಳೂರಿನ ಒಂದು ವಿಕಿರಣ ಚಿಕಿತ್ಸಾ ವಿಭಾಗದ ಅನುಭವ

ಅಕ್ಕನ ಎಡಸ್ತನದ ಗಡ್ಡೆಯನ್ನಷ್ಟೇ ತೆಗೆದು ಸ್ತನವನ್ನು ಉಳಿಸಿದ ಶಸ್ತ್ರಚಿಕಿತ್ಸೆಯ ಬಳಿಕ, ಮಂಗಳೂರಿನ ಒಂದು ಖಾಸಗಿ ಆಸ್ಪತ್ರೆಯ ವಿಕಿರಣ ಚಿಕಿತ್ಸಾ ವಿಭಾಗಕ್ಕೆ ನಾವು ಬ್ರಹ್ಮಾವರದಿಂದ ಮೂರು ವಾರಕ್ಕೂ ಹೆಚ್ಚು ಕಾಲ ಬಸ್ಸಿನಲ್ಲಿ ಓಡಾಡಿದೆವು. ನಮ್ಮ ಕಡೆ ಈ ಚಿಕಿತ್ಸೆಗೆ ‘ಕರೆಂಟು ಕೊಡುವುದು’ ಎಂದೇ ಹೆಸರು. ಅರ್ಧ ಭಯ ಹುಟ್ಟುವುದು ಆ ಹೆಸರಿನಿಂದಲೇ. ಇದೇ ದಾರಿ ಹಿಡಿಯಲಿರುವ ಮನೆಯವರಿಗೆ ಉಪಯೋಗವಾದೀತೆಂದು ಬರೆಯುತ್ತಿದ್ದೇನೆ. ಆಸ್ಪತ್ರೆಯ ಹೆಸರನ್ನು ಬೇಕೆಂದೇ ಬಿಟ್ಟಿದ್ದೇನೆ.

ಯಂತ್ರದ ಕೆಲಸದ ಬಗ್ಗೆ ನನಗೆ ದೂರಿಲ್ಲ. ಮೊದಲ ದಿನ ಚಿಕಿತ್ಸೆ ಇರುವುದಿಲ್ಲ, ಸಿ.ಟಿ. ಸ್ಕ್ಯಾನ್ ತೆಗೆದು, ಎದೆಯ ಮೇಲೆ ಶಾಯಿಯ ಗುರುತು ಹಾಕಿ ಕಳುಹಿಸುತ್ತಾರೆ. ಕರಾವಳಿಯ ಸೆಕೆಯಲ್ಲಿ ಆ ಗುರುತು ಬೆವರಿಗೆ ಅಳಿಸಿಹೋಗದಂತೆ ಕಾಪಾಡುವುದೇ ಒಂದು ವ್ರತ. ಹಿಂದೆ 25 ಸಲ, ಒಟ್ಟು 50 ಗ್ರೇ (ಮೈ ಹೀರಿಕೊಳ್ಳುವ ವಿಕಿರಣದ ಅಳತೆ) ಕೊಡುತ್ತಿದ್ದ ಕಡೆ ಅಕ್ಕನಿಗೆ 15 ಸಲದಲ್ಲಿ 40 ಗ್ರೇ ಕೊಟ್ಟರು. ಇಷ್ಟೇ ಸಾಕೆಂಬುದಕ್ಕೆ ಬ್ರಿಟನ್ನಿನಲ್ಲಿ ನಡೆದು 2008ರಲ್ಲಿ ಪ್ರಕಟವಾದ ಪ್ರಯೋಗಗಳ ಆಧಾರವಿದೆ. ಗಡ್ಡೆ ಎಡಗಡೆ ಇದ್ದುದರಿಂದ ಹೃದಯಕ್ಕೆ ಕಿರಣ ಆದಷ್ಟು ಕಡಿಮೆ ತಾಗಲೆಂದು ಉಸಿರು ತುಂಬಿ ಹಿಡಿಯುವ ವಿಧಾನವನ್ನು ಬಳಸಿದರು. ಶ್ವಾಸಕೋಶ ತುಂಬಿದಾಗ ಹೃದಯವು ಎದೆಗೋಡೆಯಿಂದ ಸ್ವಲ್ಪ ದೂರ ಸರಿಯುತ್ತದೆ. ಟೆಕ್ನಿಶಿಯನ್ ಹುಡುಗ ತುಳುವಿನಲ್ಲಿ ತಾಳ್ಮೆಯಿಂದ ಹೇಳಿಕೊಟ್ಟ. ಚಿಕ್ಕಂದಿನಲ್ಲಿ ಕೆರೆಯಲ್ಲಿ ಮುಳುಗು ಹಾಕಿ ಬೆಳೆದ ಅಕ್ಕನಿಗೆ ಅದು ಎರಡನೆಯ ದಿನಕ್ಕೇ ಕೈವಶವಾಯಿತು.

ಕೊರತೆ ಇದ್ದದ್ದು ಮಾತಿನಲ್ಲಿ. “ಪೂರ್ತಿ ತೆಗೆಸಿಬಿಟ್ಟಿದ್ದರೆ ಒಳ್ಳೆಯದಿತ್ತೇನೋ ಡಾಕ್ಟ್ರೇ” ಎಂದು ಅಕ್ಕ ಕೇಳಿದಾಗ, “ಎರಡೂ ಒಂದೇ ಅಮ್ಮ” ಎಂಬ ಮೂರು ಪದಗಳಲ್ಲಿ ಸಂಗತಿ ಮುಗಿದುಹೋಯಿತು. ಉತ್ತರ ಸರಿಯಾಗಿಯೇ ಇತ್ತು. ಆದರೆ ಆ ಮೂರು ಪದಗಳ ಹಿಂದೆ ಒಬ್ಬ ವೈದ್ಯೆಯ ಜೀವಮಾನದ ದುಡಿಮೆ ಇದೆಯೆಂಬುದು ನಾನು ಮನೆಗೆ ಬಂದು ಓದಿದ ಮೇಲೆ ತಿಳಿಯಿತು.

ವೀರಾ ಪೀಟರ್ಸ್ 1911ರಲ್ಲಿ ಕೆನಡಾದ ಒಂದು ಕೃಷಿಕ ಕುಟುಂಬದಲ್ಲಿ ಹುಟ್ಟಿ, 1934ರಲ್ಲಿ ಟೊರಾಂಟೊ ವಿಶ್ವವಿದ್ಯಾಲಯದಿಂದ ವೈದ್ಯೆಯಾದವರು. ತಾಯಿಗೆ ಸ್ತನದ ಕ್ಯಾನ್ಸರ್ ಆದಾಗ ವಿಕಿರಣ ಚಿಕಿತ್ಸೆ ಕೊಟ್ಟ ಗಾರ್ಡನ್ ರಿಚರ್ಡ್ಸ್ ಅವರೇ ಮುಂದೆ ಮಗಳಿಗೆ ಗುರುವಾದರು. ದುಗ್ಧಗ್ರಂಥಿಗಳ ಒಂದು ಬಗೆಯ ಕ್ಯಾನ್ಸರ್ ಆದ ಹಾಜ್‌ಕಿನ್ ಕಾಯಿಲೆಯನ್ನು ವಾಸಿಯಾಗದ್ದೆಂದು ವೈದ್ಯರು ಕೈಚೆಲ್ಲುತ್ತಿದ್ದ ಕಾಲದಲ್ಲಿ, ಆಸ್ಪತ್ರೆಯ ಹಳೆಯ ದಾಖಲೆಗಳನ್ನು ಒಂದೊಂದಾಗಿ ತಿರುವಿ, ಆರಂಭದಲ್ಲೇ ಸಾಕಷ್ಟು ವಿಕಿರಣ ಕೊಟ್ಟರೆ ಅದು ಗುಣವಾಗುತ್ತದೆಂದು 1950ರಲ್ಲಿ ತೋರಿಸಿದವರು ಅವರು. ಸ್ತನದ ಕ್ಯಾನ್ಸರಿನಲ್ಲೂ ಅವರದು ಅದೇ ದಾರಿ. ಎದೆಯ ಸ್ನಾಯುಗಳ ಸಮೇತ ಸ್ತನವನ್ನು ಕಿತ್ತು ತೆಗೆಯುವ ಶಸ್ತ್ರಕ್ರಿಯೆಯೇ ಶಾಸ್ತ್ರವಾಗಿದ್ದಾಗ, ಗಡ್ಡೆಯ ಭಾಗವನ್ನಷ್ಟೇ ತೆಗೆದು ವಿಕಿರಣ ಕೊಟ್ಟರೂ ಆರಂಭದ ಹಂತದಲ್ಲಿ ಪರಿಣಾಮ ಚೆನ್ನಾಗಿಯೇ ಇರುತ್ತದೆಂದು 1967ರಲ್ಲಿ ಬರೆದರು. ಶಸ್ತ್ರವೈದ್ಯರಲ್ಲಿ ಹಲವರು ಒಪ್ಪಲಿಲ್ಲ. ಬದುಕುಳಿಯುವ ಸಾಧ್ಯತೆ ಎರಡರಲ್ಲೂ ಒಂದೇ ಎಂದೂ, ಗಡ್ಡೆ ಮಾತ್ರ ತೆಗೆದಾಗ ವಿಕಿರಣ ಕೊಟ್ಟರೆ ಅದೇ ಸ್ತನದಲ್ಲಿ ರೋಗ ಮರುಕಳಿಸುವುದು ಕಡಿಮೆಯಾಗುತ್ತದೆಂದೂ ಅಮೆರಿಕದ ದೊಡ್ಡ ಪ್ರಯೋಗವೊಂದು ತೋರಿಸಿದ್ದು 1985ರಲ್ಲಿ. ಅಷ್ಟು ಹೊತ್ತಿಗೆ ಪೀಟರ್ಸ್ ನಿವೃತ್ತರಾಗಿ ವರ್ಷಗಳೇ ಕಳೆದಿದ್ದವು. ಇದನ್ನು ಓದಿ ಹೇಳಿದ ರಾತ್ರಿ ಅಕ್ಕ ಮತ್ತೆ ಆ ಪ್ರಶ್ನೆ ಎತ್ತಲಿಲ್ಲ.

ಇಷ್ಟನ್ನು ಆಸ್ಪತ್ರೆಯವರೇ ಹೇಳಬೇಕಿತ್ತೆಂದು ನನ್ನ ಹಟವಲ್ಲ. ಆದರೆ ಹೊರಗಿನಿಂದ ಯಂತ್ರದ ಮೂಲಕ ಕೊಡುವ ವಿಕಿರಣ ಮೈಯಲ್ಲಿ ಉಳಿಯುವುದಿಲ್ಲವೆಂಬ ಒಂದು ವಾಕ್ಯವನ್ನಾದರೂ ಹೇಳಬಹುದಿತ್ತು. ಯಾರೂ ಹೇಳದ ಕಾರಣ ಅಕ್ಕ ಮೊದಲ ವಾರವಿಡೀ ಮೊಮ್ಮಗುವನ್ನು ಎತ್ತಿಕೊಳ್ಳಲಿಲ್ಲ. ಮಗು ಕೈಚಾಚಿದರೆ ಅಡುಗೆಮನೆಗೆ ಹೋಗಿ ನಿಲ್ಲುತ್ತಿದ್ದಳು. ಚರ್ಮಕ್ಕೆ ಕೇಳದೆ ಏನನ್ನೂ ಹಚ್ಚಬಾರದೆಂಬ ಸೂಚನೆ ಸಿಕ್ಕಿದ್ದೂ ಸ್ತನದ ಕೆಳಗಿನ ಮಡಿಕೆ ಕಪ್ಪಾಗಿ ಉರಿಯತೊಡಗಿದ ಮೇಲೆ. ಯಂತ್ರ ಎರಡು ದಿನ ಕೆಟ್ಟಿತ್ತು. ಯಂತ್ರವೆಂದ ಮೇಲೆ ಕೆಡುತ್ತದೆ, ತಪ್ಪಿದ ಎರಡು ಸರದಿಗಳನ್ನು ಕೊನೆಗೆ ಸೇರಿಸಿಕೊಟ್ಟರು ಕೂಡ. ಆದರೆ ನಮ್ಮ ಫೋನ್ ನಂಬರು ಫೈಲಿನ ಮೇಲೇ ಇದ್ದರೂ ಒಂದು ಕರೆ ಮಾಡಲಿಲ್ಲ. ಬೆಳಗ್ಗೆ ಆರರ ಬಸ್ಸು ಹಿಡಿದು ಬಂದವರು ಬಾಗಿಲು ನೋಡಿ ಹಿಂದಿರುಗಿದೆವು.

ಚಿಕಿತ್ಸೆಯ ಗುಣಮಟ್ಟಕ್ಕಾಗಿ ನಾನು ಇದೇ ವಿಭಾಗಕ್ಕೆ ಇನ್ನೊಬ್ಬರನ್ನು ಕಳುಹಿಸಲು ಹಿಂಜರಿಯುವುದಿಲ್ಲ. ಹೋಗುವವರು ಪ್ರಶ್ನೆಗಳನ್ನು ಕಾಗದದಲ್ಲಿ ಬರೆದುಕೊಂಡು ಹೋಗಲಿ, ಯಂತ್ರದ ಕೋಣೆಯ ನೇರ ಫೋನ್ ನಂಬರನ್ನು ಮೊದಲ ದಿನವೇ ಕೇಳಿ ಪಡೆಯಲಿ, ಮನೆಯಿಂದ ಹೊರಡುವ ಮೊದಲು ಒಮ್ಮೆ ಕರೆ ಮಾಡಲಿ. ಮನೆಯಲ್ಲಿ ಸಣ್ಣ ಮಕ್ಕಳಿದ್ದರೆ ಕಾಗದದ ಮೊದಲ ಸಾಲಿನಲ್ಲೇ ಅದನ್ನು ಬರೆಯಿರಿ.