ಬಿಲ್ ಬಾಕಿ ಇರುವ ಗುತ್ತಿಗೆದಾರರೇ, ಮೂರು ವರ್ಷದ ಗಡುವು ಮರೆಯಬೇಡಿ

2015ರ ಮಾರ್ಚ್‌ನಲ್ಲಿ ಒಂದು ಸರ್ಕಾರಿ ಇಲಾಖೆಗೆ ಚೆಕ್ ಡ್ಯಾಂ ಕಟ್ಟಿ ಮುಗಿಸಿದೆ. ಜೆಇ (ಕಿರಿಯ ಎಂಜಿನಿಯರ್) ಟೇಪ್ ಹಿಡಿದು ಅಳತೆ ತೆಗೆದರು, ಎಂಬಿಯಲ್ಲಿ, ಅಂದರೆ ಅಳತೆ ಪುಸ್ತಕದಲ್ಲಿ, ಬರೆದರು, ನಾನೂ ಸಹಿ ಹಾಕಿದೆ. ಫೈನಲ್ ಬಿಲ್ 6,40,000 ರೂಪಾಯಿ. ಆ ದುಡ್ಡು ಇವತ್ತಿಗೂ ಬಂದಿಲ್ಲ.

ಕೊಡುವುದಿಲ್ಲ ಅಂತ ಯಾರೂ ಹೇಳಲಿಲ್ಲ. "ಅನುದಾನ ಬಂದಿಲ್ಲ, ಮಾರ್ಚ್‌ಗೆ ಆಗುತ್ತೆ ಬಿಡಿ" ಅಂದರು. ಆ ಮಾರ್ಚ್ ಹೋಯಿತು, ಮುಂದಿನ ಮಾರ್ಚೂ ಹೋಯಿತು. ಇಇ (ಕಾರ್ಯಪಾಲಕ ಎಂಜಿನಿಯರ್) ವರ್ಗವಾದರು, ಹೊಸಬರಿಗೆ ಮೊದಲಿಂದ ಹೇಳಿದೆ. ಜಲ್ಲಿ, ಸಿಮೆಂಟ್ ಕೊಟ್ಟವರು ಬಾಗಿಲಿಗೆ ಬಂದಾಗ ಹೆಂಡತಿಯ ಬಳೆ ಸೊಸೈಟಿಯಲ್ಲಿ ಅಡವಿಟ್ಟೆ. ಆದರೂ ಕೇಸ್ ಹಾಕಲಿಲ್ಲ. ಹಾಕಿದರೆ ಮುಂದೆ ಕೆಲಸ ಸಿಗುವುದಿಲ್ಲ ಅನ್ನುವ ಭಯ. ನಮ್ಮಲ್ಲಿ ಎಲ್ಲರಿಗೂ ಇರುವ ಭಯವೇ ಅಲ್ವಾ?

2018ರ ನವೆಂಬರ್‌ನಲ್ಲಿ ವಕೀಲರ ಹತ್ತಿರ ಹೋದೆ. ಕಾಗದ ಎಲ್ಲಾ ತಿರುವಿ ನೋಡಿ ಅವರು ಕೇಳಿದ್ದು ಒಂದೇ: "ಬಾಕಿ ಇದೆ ಅಂತ ಅವರು ಬರೆದುಕೊಟ್ಟಿದ್ದು ಏನಾದರೂ ಇದೆಯಾ?" ಇರಲಿಲ್ಲ. ಎಂಟು ತಿಂಗಳು ತಡವಾಗಿತ್ತು.

1963ರ ಕಾಲಮಿತಿ ಕಾಯ್ದೆ ಹೇಳುವುದು ಇದು: ಹಣ ಕೊಡುವ ದಿನ ಕರಾರಿನಲ್ಲಿ ಗೊತ್ತುಮಾಡಿಲ್ಲದಿದ್ದರೆ, ಕೆಲಸ ಮುಗಿದ ದಿನದಿಂದ ಮೂರು ವರ್ಷದೊಳಗೆ ದಾವೆ ಹೂಡಬೇಕು. ಬಾಯಿಮಾತಿನ ಭರವಸೆಗೆ ಆ ಗಡುವು ನಿಲ್ಲುವುದಿಲ್ಲ. ಸುಮ್ನೆ ನಾವು ಕೊಡುವ ಮನವಿಗಳಿಂದಲೂ ನಿಲ್ಲುವುದಿಲ್ಲ. ಆದರೆ ಗಡುವು ಮುಗಿಯುವ ಮೊದಲೇ, ಬಾಕಿ ಒಪ್ಪಿ ಅಧಿಕಾರಿ ಸಹಿ ಮಾಡಿದ ಪತ್ರ ಸಿಕ್ಕರೆ, ಆ ದಿನದಿಂದ ಹೊಸದಾಗಿ ಮೂರು ವರ್ಷ ಸಿಗುತ್ತದೆ. ನನ್ನ ಜೊತೆಯ ಗುತ್ತಿಗೆದಾರರೊಬ್ಬರು "ಅನುದಾನ ಬಂದ ಕೂಡಲೇ ಬಾಕಿ ಪಾವತಿಸಲಾಗುವುದು" ಅನ್ನುವ ಒಂದು ಸಾಲಿನ ಹಿಂಬರಹ (ಕಚೇರಿಯ ಲಿಖಿತ ಉತ್ತರ) ಪಡೆದಿದ್ದರು. ಅವರ ದುಡ್ಡು ಉಳಿದಿದ್ದು ಅದರಿಂದಲೇ.

ಅಂಥ ಕಾಗದ ಇದ್ದರೆ ಹೈಕೋರ್ಟ್‌ಗೆ ರಿಟ್ ಅರ್ಜಿ (ಹಣ ಕೊಡಲು ಇಲಾಖೆಗೆ ಆದೇಶಿಸಿ ಅಂತ ಕೇಳುವ ಅರ್ಜಿ) ಹಾಕುವ ದಾರಿಯೂ ಇದೆ. ಮೊತ್ತದ ಬಗ್ಗೆ ತಕರಾರಿದ್ದರೆ ಮಾತ್ರ ಸಾಮಾನ್ಯವಾಗಿ ಸಿವಿಲ್ ಕೋರ್ಟ್‌ಗೆ ಹೋಗಿ ಅನ್ನುತ್ತಾರೆ. ಸರ್ಕಾರದ ಮೇಲೆ ದಾವೆ ಹೂಡುವ ಎರಡು ತಿಂಗಳ ಮೊದಲು ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) 80ನೇ ಕಲಂ ಪ್ರಕಾರ ನೋಟಿಸ್ ಕೊಡಬೇಕು. ಅದು ರಾಜ್ಯ ಸರ್ಕಾರದ ಕಾರ್ಯದರ್ಶಿಗೆ ಇಲ್ಲವೇ ಜಿಲ್ಲಾಧಿಕಾರಿಗೆ ಹೋಗಬೇಕು, ಇಇಗೆ ಕೊಟ್ಟರೆ ಸಾಲದು. ಕರಾರಿನಲ್ಲಿ ಆರ್ಬಿಟ್ರೇಷನ್ (ಕೋರ್ಟ್ ಬದಲು ಮಧ್ಯಸ್ಥಗಾರರಿಂದ ತೀರ್ಮಾನ) ಷರತ್ತು ಇದೆಯಾ ಅಂತಲೂ ಓದಿ. ಕಾಲಮಿತಿ ಅದಕ್ಕೂ ಅನ್ವಯಿಸುತ್ತದೆ.

ಎಂಎಸ್‌ಎಂಇ (ಸಣ್ಣ ಉದ್ದಿಮೆಗಳ) ಕಾಯ್ದೆಯಲ್ಲಿ ಪಾವತಿ 45 ದಿನಕ್ಕಿಂತ ತಡವಾದರೆ ಬ್ಯಾಂಕ್ ದರದ ಮೂರು ಪಟ್ಟು ಚಕ್ರಬಡ್ಡಿ ಸಿಗುತ್ತದೆ ಅಂತ ಜಾಸ್ತಿ ಜನ ಹೇಳುತ್ತಾರೆ. ಸಾಮಗ್ರಿ ಪೂರೈಸಿದವರಿಗೆ ಅದು ಒಳ್ಳೆಯ ದಾರಿ. ಕಾಮಗಾರಿ ಗುತ್ತಿಗೆಗೆ ಅದು ಅನ್ವಯಿಸುವುದಿಲ್ಲ ಅಂತ ಕೆಲವು ಹೈಕೋರ್ಟ್‌ಗಳು ಹೇಳಿವೆ. ಕರಾರು ಆದ ಮೇಲೆ ನೋಂದಣಿ ಮಾಡಿಸಿದರೆ ಆ ಹಳೆಯ ಕೆಲಸಕ್ಕೆ ಪ್ರಯೋಜನ ಸಿಗುವುದು ಅನುಮಾನ. ಅದೊಂದನ್ನೇ ನಂಬಿ ಕೂರಬೇಡಿ.

ದಯವಿಟ್ಟು ಇವತ್ತೇ ವರ್ಕ್ ಆರ್ಡರ್ ಮತ್ತು ಕೆಲಸ ಮುಗಿದ ಪ್ರಮಾಣಪತ್ರ ತೆಗೆದು ತಾರೀಕು ನೋಡಿ. ಎಂಬಿ ಪುಟಗಳ ದೃಢೀಕೃತ ನಕಲಿಗೆ ಆರ್‌ಟಿಐ ಅರ್ಜಿ ಹಾಕಿ, ಬಿಲ್ ಯಾವ ಹಂತದಲ್ಲಿದೆ ಅಂತಲೂ ಅದರಲ್ಲೇ ಕೇಳಿ. ಎರಡು ವರ್ಷ ದಾಟಿದ್ದರೆ ಆ ಉತ್ತರಕ್ಕೂ ಕಾಯಬೇಡಿ, ಇದ್ದ ಕಾಗದ ಹಿಡಿದು ವಕೀಲರ ಹತ್ತಿರ ಹೋಗಿ.