ಕೋಥರೂಡಿನ ಪ್ರಿವ್ಯೂ ಕೊಠಡಿ: ಹಳೇ ಟೇಪಿನ ಸಿನಿಮಾ ನೋಡಲು ಹೇಗಿದೆ?

ಕಾಂಬೋಡಿಯಾದ ಲೀ ಬುನ್ ಯಿಮ್ ನಿರ್ದೇಶಿಸಿದ ‘ಪುಥಿಸೆನ್ ನಿಯಾಂಗ್ ಕೊಂಗ್ರೆ’ (1968) ಚಿತ್ರ ತೋರಿಸಲು 4ಕೆ ಪ್ರೊಜೆಕ್ಟರ್ ಬೇಕಿಲ್ಲ. ಬೇಸರಪಡದೆ ಸೆಟ್ಟಿಂಗ್ ತಿದ್ದುವ ಆಪರೇಟರ್ ಬೇಕು. ಪುಣೆಯ ಕನ್ನಡ ಗೆಳೆಯರ ಬಳಗಗಳು ಬಾಡಿಗೆಗೆ ಹಿಡಿಯಬಹುದಾದ, ಕೋಥರೂಡಿನ ಈ 24 ಸೀಟಿನ ಕೊಠಡಿಯಲ್ಲಿ ಅಂಥವರೊಬ್ಬರಿದ್ದಾರೆ. ಇದರ ಹೆಚ್ಚುಗಾರಿಕೆ ಅದೇ.

ಕಾಂಬೋಡಿಯಾದಲ್ಲಿ 1960ರಿಂದ 1975ರೊಳಗೆ ಸುಮಾರು 400 ಚಿತ್ರಗಳು ತಯಾರಾದವು. ಕಮ್ಯುನಿಸ್ಟ್ ಖ್ಮೇರ್ ರೂಜ್ ಆಡಳಿತದ ಕಾಲ ದಾಟಿ ಉಳಿದದ್ದು 30ರ ಆಸುಪಾಸು, ಅದರಲ್ಲೂ ಹಲವು ಸವೆದ ವಿಡಿಯೊ ನಕಲುಗಳು. ಲೀ ಬುನ್ ಯಿಮ್ ಟ್ರಿಕ್ ಶಾಟ್‌ಗಳ ಹುಚ್ಚಿನ ನಿರ್ದೇಶಕ. ಈ ಚಿತ್ರದಲ್ಲಿ ರಾಕ್ಷಸಿಯ ಸಂಚಿನಿಂದ ಕಣ್ಣು ಕಳೆದುಕೊಳ್ಳುವ ಹನ್ನೆರಡು ಅಕ್ಕತಂಗಿಯರು, ಒಂದು ಕಣ್ಣು ಉಳಿಸಿಕೊಂಡ ಕಿರಿಯವಳು, ಅವಳ ಮಗ ಪುಥಿಸೆನ್: ನಮ್ಮ ವಿಠಲಾಚಾರ್ಯರ ಮಾಯಾಮಂತ್ರದ ಚಿತ್ರ ನೋಡಿ ಬೆಳೆದವರಿಗೆ ಈ ಲೋಕ ಹೊಸದಲ್ಲ.

ಟೇಪಿನಿಂದ ಫೈಲಿಗಿಳಿಸಿದ ಇಂಥ ಪ್ರತಿ ಹಾಕಿದಾಗ ಮೊದಲು ಕೆಡುವುದು ಚೌಕಟ್ಟು. ಟೇಪಿನ ಚಿತ್ರ 4:3, ಅಂದರೆ ಅಗಲ ನಾಲ್ಕು ಪಾಲು, ಎತ್ತರ ಮೂರು. ಪ್ರೊಜೆಕ್ಟರ್ ಅದನ್ನು ಈಗಿನ ಅಗಲ ಪರದೆಯ 16:9ಕ್ಕೆ ಎಳೆದರೆ ಮುಖಗಳು ಮೂರನೇ ಒಂದು ಭಾಗದಷ್ಟು ಅಗಲವಾಗಿ, ರಾಜಕುಮಾರಿಯೂ ರಾಕ್ಷಸಿಯ ತಂಗಿಯಂತೆ ಕಾಣುತ್ತಾಳೆ. ಇಲ್ಲಿನ 10 ಅಡಿ ಅಗಲದ ಪರದೆಯಲ್ಲಿ ಚಿತ್ರ ಏಳೂವರೆ ಅಡಿಗೆ ನಿಲ್ಲಬೇಕು. ಕೇಳುವ ಮೊದಲೇ ಆಪರೇಟರ್ ಹಾಗೆ ನಿಲ್ಲಿಸಿರುತ್ತಾರೆ. ಓಡುವ ದೃಶ್ಯದಲ್ಲಿ ಬಾಚಣಿಗೆಯ ಹಲ್ಲಿನಂತೆ ಗೆರೆ ಎದ್ದರೆ ಆ ಗೆರೆಗಳನ್ನು ಬೆಸೆಯುವ ‘ಡಿಇಂಟರ್‌ಲೇಸ್’ ಆನ್ ಮಾಡುತ್ತಾರೆ. ಟೇಪಿನ ಹೆಡ್ ಬದಲಾಗುವ ಕಡೆ ಅಡಿಭಾಗದಲ್ಲಿ ನಡುಗುವ ಪಟ್ಟಿಯನ್ನು ಎಂಟು ಹತ್ತು ಸಾಲು ಕತ್ತರಿಸಿ ಮರೆಮಾಡುತ್ತಾರೆ.

ಅವರು ಎಡವುವುದು ಧ್ವನಿಯಲ್ಲಿ. ಸೆಕೆಂಡಿಗೆ 24 ಫ್ರೇಮಿನ ಚಿತ್ರ ಪಾಲ್ (25 ಫ್ರೇಮಿನ ಟಿವಿ ಪದ್ಧತಿ) ಟೇಪಿಗೆ ಹೋದಾಗ ಸಾಮಾನ್ಯವಾಗಿ 25 ಆಗಿ, ಶೇ 4ರಷ್ಟು ಬೇಗ ಓಡುತ್ತದೆ. ಹಾಡಿನ ಶ್ರುತಿ ಹಾರ್ಮೋನಿಯಂ ಲೆಕ್ಕದಲ್ಲಿ ಹೆಚ್ಚುಕಡಿಮೆ ಮುಕ್ಕಾಲು ಮನೆ ಏರುತ್ತದೆ. ಆ ಕಾಲದ ಖ್ಮೇರ್ (ಕಾಂಬೋಡಿಯಾದ ಭಾಷೆ) ಚಿತ್ರಗಳಲ್ಲಿ ಸಿನ್ ಸಿಸಾಮುತ್, ರೋಸ್ ಸೆರೆಸೋಥಿಯಾ ಹಾಡಿದ ಹಾಡುಗಳೇ ಅರ್ಧ ಸೆಳೆತ. ಕಂಠ ತೆಳುವಾದರೆ ಏನು ಉಳಿಯಿತು? ಪ್ಲೇಯರಿನಲ್ಲಿ ವೇಗ 0.96ಕ್ಕೆ ಇಳಿಸಿದರೆ ಸಾಲದು, ಶ್ರುತಿ ಹಾಗೇ ಹಿಡಿದಿಡುವ ಆಯ್ಕೆಯನ್ನೂ ಆಫ್ ಮಾಡಿಸಬೇಕು. ಇದನ್ನು ನೀವೇ ಹೇಳಬೇಕಾಗುತ್ತದೆ. ಸಬ್‌ವೂಫರ್ ಕೂಡ ಬಂದ್ ಮಾಡಿಸಿ, ಟೇಪಿನ ಗುಂಯ್ ಸದ್ದನ್ನು ಅದು ದುಪ್ಪಟ್ಟು ಮಾಡುತ್ತದೆ.

ಕನ್ನಡ ಸಬ್‌ಟೈಟಲ್ ಹಾಕುವವರಿಗೆ ಒಂದು ಮಾತು. ಇಲ್ಲಿನ ಮೀಡಿಯಾ ಪ್ಲೇಯರಿನಲ್ಲಿ ಒತ್ತಕ್ಷರಗಳು ಪಕ್ಕಕ್ಕೆ ಜಿಗಿಯುತ್ತವೆ, ‘ಕಣ್ಣು’ ಒಡೆದು ಕಾಣುತ್ತದೆ. ಬೇರೆ ಫೈಲಾಗಿ ಒಯ್ಯದೆ ಚಿತ್ರದ ಮೇಲೇ ಅಚ್ಚು ಮಾಡಿಕೊಂಡು ಹೋಗಿ. ಎರಡು ಸಾಲು ಮೀರದಿರಲಿ, ಅಡಿಯ ನಡುಗುವ ಪಟ್ಟಿಯಿಂದ ಸ್ವಲ್ಪ ಮೇಲಿರಲಿ.

ಬುಕಿಂಗ್ ಮೂರು ಗಂಟೆಯ ಲೆಕ್ಕ. ಸೆಟ್ಟಿಂಗಿಗೆ ಅರ್ಧ ಗಂಟೆ ಅದರಲ್ಲೇ ಹೋಗುತ್ತದೆ. ಪೆನ್‌ಡ್ರೈವ್ ಹಿಂದಿನ ದಿನವೇ ಕೊಟ್ಟರೆ ಅದೂ ಉಳಿಯುತ್ತದೆ. ಎಸಿ ಸದ್ದು ಹಿಂದಿನ ಎರಡು ಸಾಲಿಗೆ ಜೋರು, ಹಿರಿಯರನ್ನು ಮುಂದೆ ಕೂರಿಸಿ.