ಬಟ್ಟೆಯ ಊರು ಕಟ್ಟಲು ಕಾಸರಗೋಡು ಸೀರೆ ಆಗುತ್ತದೆಯೇ?

ನೂಲೂರು ಕಥೆಯಲ್ಲಿ ಮಾತ್ರ ಇರುವ ಊರು. ಅಲ್ಲಿ ಗೋಡೆ, ಮಾಡು (ಛಾವಣಿ), ದಾರಿ, ಹೊಳೆ ಎಲ್ಲವೂ ಬಟ್ಟೆಯವು. ಬೀದಿಗಳು ಹಾಸಿನ (ಉದ್ದ ನೂಲಿನ) ದಿಕ್ಕಿಗೆ, ಓಣಿಗಳು ಹೊಕ್ಕಿನ (ಅಡ್ಡ ನೂಲಿನ) ದಿಕ್ಕಿಗೆ ಸಾಗುತ್ತವೆ, ಹೊಳೆ ಮಾತ್ರ ಓರೆಯಾಗಿ ಹರಿಯುತ್ತದೆ. ಹೊರಗೆ ಬಂದ ನೂಲನ್ನು ಯಾರೂ ಎಳೆಯಬಾರದೆಂಬುದು ಆ ಊರಿನ ಮೊದಲ ಕಟ್ಟಳೆ. ಮಕ್ಕಳಿಗೆ ಕಥೆ ಹೇಳಲು, ಶಾಲೆಯ ಪ್ರದರ್ಶನಕ್ಕೆ ಇಂಥ ಊರನ್ನು ಮೇಜಿನ ಮೇಲೆ ಕಟ್ಟುವವರು ಸಾಮಾನ್ಯವಾಗಿ ಫೆಲ್ಟ್ (ನೇಯದೆ ಒತ್ತಿ ಮಾಡಿದ ಬಟ್ಟೆ) ತರುತ್ತಾರೆ. ಕತ್ತರಿಸಲು ಅದು ಸುಲಭ, ನಿಜ. ಆದರೆ ಫೆಲ್ಟಿಗೆ ಹಾಸೂ ಇಲ್ಲ, ಹೊಕ್ಕೂ ಇಲ್ಲ. ಬೀದಿ ಯಾವುದು, ಓಣಿ ಯಾವುದು ಎಂದು ಮಗು ಬೆರಳಿನಿಂದ ಮುಟ್ಟಿ ತಿಳಿಯಲು ಆಗುವುದಿಲ್ಲ. ಈ ಕೆಲಸಕ್ಕೆ ಕಾಸರಗೋಡಿನ ಕೈಮಗ್ಗದ ಹತ್ತಿ ಸೀರೆ ಎಷ್ಟೋ ಮೇಲು.

2010ರಲ್ಲಿ ಜಿಐ (ಭೌಗೋಳಿಕ ಸೂಚಕ) ಮಾನ್ಯತೆ ಪಡೆದ ಸೀರೆ ಇದು. ಕಾಸರಗೋಡಿನ ವಿದ್ಯಾನಗರದ ನೇಕಾರರ ಸಹಕಾರ ಸಂಘ 1938ರಿಂದ ಇದನ್ನು ನೇಯಿಸುತ್ತ ಬಂದಿದೆ. ಇದಕ್ಕೆ ಬಳಸುವುದು ವ್ಯಾಟ್ ಬಣ್ಣ. ನೀರಿನಲ್ಲಿ ಕರಗದ ಈ ಬಣ್ಣವನ್ನು ಕಾಸ್ಟಿಕ್ ಸೋಡಾ ಮತ್ತು ಹೈಡ್ರೋಸಲ್ಫೈಟ್ ಹಾಕಿ ಕರಗುವಂತೆ ಮಾಡಿ ನೂಲಿಗೆ ಕುಡಿಸುತ್ತಾರೆ. ಗಾಳಿಗೆ ಹಿಡಿದಾಗ ಅದು ನೂಲಿನ ಒಳಗೇ ಮತ್ತೆ ಕರಗದ ಬಣ್ಣವಾಗಿ ಕೂರುತ್ತದೆ. ಆದ್ದರಿಂದ ಕೆಂಪು ಮಾಡಿನ ಬಣ್ಣ ಬಿಳಿ ಗೋಡೆಗೆ ಇಳಿಯುವ ಭಯ ಕಡಿಮೆ. ಆದರೂ ಒದ್ದೆ ಬಿಳಿ ಬಟ್ಟೆಯಿಂದ ಒಂದು ಮೂಲೆಯನ್ನು ಉಜ್ಜಿ ನೋಡದೆ ಕತ್ತರಿ ಹಾಕಬೇಡಿ.

ಅಂಗಡಿಯಲ್ಲಿ ಇದೇ ಪಟ್ಟೆ, ಇದೇ ಚೌಕುಳಿಯ ಪವರ್‌ಲೂಮ್ ಬಟ್ಟೆಯೂ ಸಿಗುತ್ತದೆ. ಅಂಚಿನ ಕೊನೆಯನ್ನು ಬೆಳಕಿಗೆ ಹಿಡಿದು ನೋಡಿ. ಕೈಮಗ್ಗದ್ದಾದರೆ, ಬಟ್ಟೆಯ ಅಗಲ ಕುಗ್ಗದಂತೆ ಚುಚ್ಚಿ ಹಿಡಿಯುವ ಕಡ್ಡಿಯ ಸಣ್ಣ ತೂತುಗಳು ಸಾಮಾನ್ಯವಾಗಿ ಎರಡೂ ಕಡೆ ಸಾಲಾಗಿ ಕಾಣುತ್ತವೆ. ಅನುಮಾನ ಉಳಿದರೆ ಒಂದೆರಡು ಎಳೆ ಸುಡಿ: ಹತ್ತಿಯಾದರೆ ಕಾಗದ ಸುಟ್ಟ ವಾಸನೆ ಬಂದು ಬೂದಿಯಾಗುತ್ತದೆ, ಪಾಲಿಯೆಸ್ಟರ್ ಸೇರಿದ್ದರೆ ಗಟ್ಟಿ ಮಣಿಯಂತೆ ಮುದುಡುತ್ತದೆ. ಗೋಡೆ ನೆಟ್ಟಗೆ ನಿಲ್ಲಲು ಒಳಗೆ ಬಕ್ರಂ (ಇಸ್ತ್ರಿಯ ಬಿಸಿಗೆ ಅಂಟುವ ಗಡುಸು ಬಟ್ಟೆ) ಕೊಡಬೇಕು; ಪಾಲಿಯೆಸ್ಟರ್ ಸೇರಿದ ಬಟ್ಟೆಗೆ ಆ ಬಿಸಿ ಕೊಟ್ಟರೆ ಗೋಡೆ ಸೊಟ್ಟಗಾಗುತ್ತದೆ.

ದೊಡ್ಡ ತೊಂದರೆ ಗಂಜಿಯದ್ದು. ಹೊಸ ಸೀರೆ ಗರಿಗರಿಯಾಗಿರುತ್ತದೆ, ಹಾಗೆಯೇ ಗೋಡೆ ಮಾಡಬಹುದೆಂದು ತೋರುತ್ತದೆ. ಮಾಡಬೇಡಿ. ಬಕ್ರಮಿನ ಅಂಟು ಆ ಗಂಜಿಯ ಪದರಕ್ಕೇ ಹತ್ತುತ್ತದೆ, ನೂಲಿಗೆ ಹತ್ತುವುದಿಲ್ಲ. ಎರಡು ವಾರದಲ್ಲಿ ಗೋಡೆಯ ಮೇಲೆ ಗುಳ್ಳೆ ಏಳುತ್ತದೆ. ಮೇಲಾಗಿ ಆಟಿ ತಿಂಗಳ (ಜೋರು ಮಳೆಗಾಲದ) ಥಂಡಿಯಲ್ಲಿ ಗಂಜಿಗೆ ಬೂಸಲು ಹಿಡಿಯುತ್ತದೆ. ಒಂದು ಗಂಟೆ ತಣ್ಣೀರಲ್ಲಿ ನೆನೆಸಿ, ಎರಡು ಸಲ ಹಿಂಡದೆ ಜಾಲಿಸಿ, ನೆರಳಲ್ಲಿ ಒಣಗಿಸಿ, ತುಸು ಒದ್ದೆ ಇರುವಾಗಲೇ ಇಸ್ತ್ರಿ ಮಾಡಿ. ಗಂಜಿ ಹೋಗಿದೆಯೇ ಎಂದು ನೋಡಲು ಒಂದು ಚೂರು ಕತ್ತರಿಸಿ ಅದಕ್ಕೆ ಅಯೋಡಿನ್ ಹನಿಸಿ. ಕಡುನೀಲಿಗೆ ತಿರುಗಿದರೆ ಇನ್ನೊಮ್ಮೆ ನೆನೆಸಬೇಕು. ಬಟ್ಟೆ ಕುಗ್ಗುವುದೂ ಈಗಲೇ ಆಗಿ ಹೋಗಲಿ. ಅಳತೆ ಹಾಕುವುದು ಇದೆಲ್ಲ ಮುಗಿದ ಮೇಲೆ.

ಒಂದು ಮನೆಗೆ 6 ಸೆಂ.ಮೀ. ಚೌಕದ ತಳ ಇಟ್ಟುಕೊಳ್ಳಿ. ನಾಲ್ಕು ಗೋಡೆಗೆ ಒಂದೇ ಪಟ್ಟಿ ಸಾಕು: ಉದ್ದ 25 ಸೆಂ.ಮೀ., ಎತ್ತರ 8. ಉದ್ದದಲ್ಲಿ 1 ಸೆಂ.ಮೀ. ಜೋಡಣೆಗೆ, ಎತ್ತರದಲ್ಲಿ ಮೇಲೆ ಕೆಳಗೆ ಒಂದೊಂದು ಮಡಿಕೆಗೆ. ಸೀರೆಯ ಅಗಲದಲ್ಲಿ ಅಂಚು ಬಿಟ್ಟರೂ ಇಂಥ ನಾಲ್ಕು ಪಟ್ಟಿ ಕೂರುತ್ತದೋ ಅಳೆದು ನೋಡಿ. ಕೂತರೆ 24 ಮನೆಗಳ ಗೋಡೆಗೆ ಅರ್ಧ ಮೀಟರ್ ಸಾಕು. ಅಂಚಿನಿಂದ ಮಾಡು ಮಾಡಿ. ಒಡಲಿಗಿಂತ (ಸೀರೆಯ ನಡುಭಾಗಕ್ಕಿಂತ) ಅಲ್ಲಿ ನೇಯ್ಗೆ ದಟ್ಟ, ನಡುವೆ ಮಡಿಸಿದರೆ ಬಕ್ರಂ ಇಲ್ಲದೆಯೇ ಹಂಚಿನ ಮಾಡಿನಂತೆ ನಿಲ್ಲುತ್ತದೆ. ಒಂದು ಮಾಡಿಗೆ 10 ಸೆಂ.ಮೀ. ಉದ್ದ ಬೇಕು. ಅಂಚು 9 ಸೆಂ.ಮೀ.ಗಿಂತ ಕಿರಿದಾದರೆ ಸೂರು ಗೋಡೆಯ ಹೊರಗೆ ಚಾಚುವುದಿಲ್ಲ. ನಮ್ಮ ಕಡೆಯ ಮಳೆ ಕಂಡ ಮಕ್ಕಳು ಸೂರಿಲ್ಲದ ಮನೆಯನ್ನು ಒಪ್ಪುವುದಿಲ್ಲ, ಹಾಗಾಗಿ ಕೊಳ್ಳುವಾಗಲೇ ಅಂಚು ಅಳೆಯಿರಿ.

ಹೊಳೆಯಲ್ಲಿ ಈ ಸೀರೆಯ ಚಂದ ಪೂರ್ತಿ ಕಾಣುತ್ತದೆ. ಪಟ್ಟೆ ಇರುವ ಒಡಲಿನಿಂದ 45 ಡಿಗ್ರಿ ಓರೆಗೆ 4 ಸೆಂ.ಮೀ. ಅಗಲದ ಪಟ್ಟಿ ಕತ್ತರಿಸಿ. ಓರೆ ಬಟ್ಟೆ ಎಳೆದ ಕಡೆ ಬಳುಕುತ್ತದೆ, ತಿರುವಿನಲ್ಲಿ ನೆರಿಗೆ ಬೀಳುವುದಿಲ್ಲ. ಪಟ್ಟೆಗಳು ಓರೆಯಾಗಿ ಸಾಲುಗಟ್ಟಿ ನೀರಿನ ಸೆಳವಿನ ಹಾಗೆಯೇ ಕಾಣುತ್ತವೆ. ದಡದಿಂದ ದಡಕ್ಕೆ ಒಂದೊಂದು ಎಳೆ ಹೊಳೆಯುತ್ತ ಜಾರುತ್ತದೆ. ಎಳೆದು ಹೊಲಿಯಬೇಡಿ, ಹಾಗೆ ಮಾಡಿದರೆ ನೆಲವೇ ಮುದುಡುತ್ತದೆ. ಮೊದಲು ಕೈಯಿಂದ ಕಚ್ಚಾ ಹೊಲಿಗೆ ಹಾಕಿ ಕೂರಿಸಿ. ಮೆಷಿನ್ನಿಗೆ 11ನೇ ನಂಬರಿನ ಸೂಜಿ ಸಾಕು. ದಪ್ಪ ಸೂಜಿಯ ತೂತು ಈ ನಯದ ಬಟ್ಟೆಯಲ್ಲಿ ಹಾಗೆಯೇ ಉಳಿಯುತ್ತದೆ.

ನೆಲಕ್ಕೆ ಮಾತ್ರ ಈ ಸೀರೆ ಸಾಲದು, ತೀರ ತೆಳು. ಅಲ್ಲಿಗೆ ಸೊಲ್ಲಾಪುರದ ಚಾದರವೇ ಸರಿ. ಅದರ ಜಕಾರ್ಡ್ ನೇಯ್ಗೆಯಲ್ಲಿ (ನೇಯುವಾಗಲೇ ಚಿತ್ತಾರ ಮೂಡಿಸುವ ಬಗೆ) ಒಂದು ಮಗ್ಗುಲಿನ ಬಣ್ಣ ಇನ್ನೊಂದು ಮಗ್ಗುಲಲ್ಲಿ ಅದಲುಬದಲಾಗಿರುತ್ತದೆ. ಮನೆಗಳನ್ನು ಹೊಲಿದುಬಿಡದೆ ಪ್ರೆಸ್ ಬಟನ್ ಇಟ್ಟು ಕೂರಿಸಿದರೆ, ಚಾದರ ಮಗುಚಿ ಹಾಕಿ ಅದೇ ಊರಿನ ಹಗಲನ್ನು ರಾತ್ರಿ ಮಾಡಬಹುದು. ಹೊಳೆ ಮಾತ್ರ ಎರಡೂ ಕಡೆಗೆ ಬೇರೆ ಬೇರೆ ಬೇಕು. ಚಾದರದ ದಪ್ಪ ನೂಲು ಕತ್ತರಿಸಿದೊಡನೆ ಬಿಚ್ಚಿಕೊಳ್ಳುತ್ತದೆ. ಕತ್ತರಿಸುವ ಗೆರೆಯ ಎರಡೂ ಬದಿ ಮೊದಲು ಎರಡೆರಡು ಸಾಲು ಹೊಲಿದುಕೊಳ್ಳಿ, ಸೂಜಿ 16ರದ್ದು ಹಾಕಿ.

ಹೊಸ ಸೀರೆಗೆ ಕತ್ತರಿ ಹಾಕಲು ಮನಸ್ಸು ಬಾರದಿರುವುದು ಸರಿಯೇ. ಒಬ್ಬ ನೇಕಾರ ಎಳೆ ಎಳೆಯಾಗಿ ಲಾಳಿ ಓಡಿಸಿ ನೇಯ್ದ ಬಟ್ಟೆ ಅದು. ಈ ಕೆಲಸಕ್ಕೆ ಉಟ್ಟು ಹಳತಾದ ಸೀರೆಯೇ ಉತ್ತಮ: ಗಂಜಿ ಎಂದೋ ಹೋಗಿರುತ್ತದೆ, ಕುಗ್ಗುವುದೂ ಮುಗಿದಿರುತ್ತದೆ. ಕಾಲಿಗೆ ತಾಗುವ ಕೆಳ ಅಂಚು ಸವೆದಿರುವುದರಿಂದ ಮಾಡಿಗೆ ಮೇಲಂಚನ್ನು ತೆಗೆದುಕೊಳ್ಳಿ. ನೆರಿಗೆ ಸಿಕ್ಕಿಸುವ ಭಾಗವನ್ನು ಬೆಳಕಿಗೆ ಹಿಡಿದು, ತೆಳುವಾದ ಕಡೆ ಗೋಡೆಗೆ ಬಳಸದೆ ಬಿಡಿ. ಆ ತುಂಡುಗಳು ಮನೆಯೊಳಗೆ ತುಂಬಲು ಆಗುತ್ತವೆ.